ಬ್ಯಾಂಕ್ ವಕೀಲಿಕೆ: ಸರ್ಕಾರಿ ಮತ್ತು ಕಾರ್ಪೊರೇಟ್ ಬ್ಯಾಂಕಿಂಗ್‌ನಲ್ಲಿ ಕಾನೂನು ವೃತ್ತಿ

ಭಾರತದ ಬ್ಯಾಂಕುಗಳಿಗಾಗಿ ದುಡಿಯುವ ವಕೀಲರಲ್ಲಿ ಮೂರು ಬಗೆಯವರಿದ್ದಾರೆ. ಸಂಬಳ ಪಡೆದು ಬ್ಯಾಂಕಿನ ಸಿಬ್ಬಂದಿಯೇ ಆಗಿರುವ ಕಾನೂನು ಅಧಿಕಾರಿಗಳು ಒಂದು ಬಗೆ. ಬ್ಯಾಂಕಿನ ಪಟ್ಟಿಯಲ್ಲಿ ಹೆಸರಿದ್ದು, ದಾಖಲೆ ಪರಿಶೀಲನೆಗೆ ಇಷ್ಟು, ದಾವೆಗೆ ಇಷ್ಟು ಎಂದು ಶುಲ್ಕ ಪಡೆಯುವ ಪ್ಯಾನೆಲ್ ವಕೀಲರು ಇನ್ನೊಂದು ಬಗೆ. ಕಂಪನಿಗಳು ಎತ್ತುವ ದೊಡ್ಡ ಸಾಲಗಳಿಗೆ ಕರಾರು ಬರೆಯುವ ಕಾನೂನು ಸಂಸ್ಥೆಗಳವರು ಮೂರನೆಯವರು. ರಿಸರ್ವ್ ಬ್ಯಾಂಕಿನ ಕಾನೂನು ಇಲಾಖೆ, ಸಾಲ ವಸೂಲಿ ನ್ಯಾಯಮಂಡಳಿಯ ಪೀಠ ಮುಂತಾದ ಸರ್ಕಾರದ ಕಡೆಯ ಹುದ್ದೆಗಳೂ ಈ ವೃತ್ತಿಯ ಹರವಿನೊಳಗೇ ಬರುತ್ತವೆ. ನೂರಕ್ಕೂ ಹೆಚ್ಚು ವರ್ಷಗಳ ಈ ವೃತ್ತಿಯ ಚರಿತ್ರೆಯನ್ನು ಒಟ್ಟಿಗೆ ನೋಡಿದರೆ ಒಂದು ಚಲನೆ ಸ್ಪಷ್ಟವಾಗಿ ಕಾಣುತ್ತದೆ. ಆರಂಭದಲ್ಲಿ ವಕೀಲರು ಬ್ಯಾಂಕಿನ ಆಡಳಿತ ಮಂಡಳಿಯಲ್ಲಿ ಕುಳಿತು ಯಾರಿಗೆ ಸಾಲ ಕೊಡಬೇಕು, ಯಾವ ಆಧಾರದ ಮೇಲೆ ಕೊಡಬೇಕು ಎಂದು ನಿರ್ಧರಿಸುತ್ತಿದ್ದರು. ಈಗ ಅವರ ಕೆಲಸದ ಬಹುಪಾಲು ಕೊಟ್ಟ ಸಾಲ ಕೆಟ್ಟ ಮೇಲೆ ಶುರುವಾಗುತ್ತದೆ. ಈ ಸ್ಥಳಾಂತರ ಬ್ಯಾಂಕುಗಳಿಗೂ ವೃತ್ತಿಗೂ ನಷ್ಟ ತಂದಿದೆ ಎಂಬುದು ಈ ಲೇಖನದ ವಾದ. ವಕೀಲರ ನಿಜವಾದ ಬೆಲೆ ಸಾಲ ಮಂಜೂರಾತಿಯ ಮುಂಚಿನ ಮೇಜಿನಲ್ಲಿದೆ. ಕಾನೂನು, ಸಂಬಳ, ಬಡ್ತಿ, ಪ್ರತಿಷ್ಠೆ ಎಲ್ಲವೂ ಅವರನ್ನು ವಸೂಲಿಯ ಮೇಜಿಗೆ ಎಳೆದಿವೆ.

ಆರಂಭದ ಕಾಲವನ್ನು ಮೊದಲು ನೋಡೋಣ. ಮಂಗಳೂರಿನಲ್ಲಿ ವಕೀಲರಾಗಿದ್ದ ಅಮ್ಮೆಂಬಳ ಸುಬ್ಬರಾವ್ ಪೈ 1906ರ ಜುಲೈ 1ರಂದು ಕೆನರಾ ಹಿಂದು ಪರ್ಮನೆಂಟ್ ಫಂಡ್ ಸ್ಥಾಪಿಸಿದರು. 1910ರಲ್ಲಿ ಅದು ಕೆನರಾ ಬ್ಯಾಂಕ್ ಆಯಿತು. ಅದೇ 1906ರ ಅಕ್ಟೋಬರಿನಲ್ಲಿ ಮದರಾಸಿನ ಆರ್ಬತ್‌ನಾಟ್ ಎಂಬ ಬ್ರಿಟಿಷ್ ವ್ಯಾಪಾರಿ ಸಂಸ್ಥೆ ದಿವಾಳಿಯೆದ್ದು ಸಾವಿರಾರು ಠೇವಣಿದಾರರು ಬೀದಿಗೆ ಬಿದ್ದರು. ಆ ಪ್ರಕರಣದ ಬೆನ್ನಿಗೇ ಮದರಾಸಿನ ವಕೀಲ ವಿ. ಕೃಷ್ಣಸ್ವಾಮಿ ಅಯ್ಯರ್ ಮುಂದಾಳುತನದಲ್ಲಿ 1907ರಲ್ಲಿ ಇಂಡಿಯನ್ ಬ್ಯಾಂಕ್ ಹುಟ್ಟಿತು. ಉತ್ತರದಲ್ಲಿ ಇನ್ನೂ ಮೊದಲೇ, 1894ರಲ್ಲಿ, ಲಾಹೋರಿನಲ್ಲಿ ನೋಂದಣಿಯಾದ ಪಂಜಾಬ್ ನ್ಯಾಷನಲ್ ಬ್ಯಾಂಕಿನ ಹಿಂದೆ ವಕೀಲರಾದ ಲಾಲಾ ಲಜಪತ ರಾಯ್, ಬ್ಯಾರಿಸ್ಟರ್ ಲಾಲಾ ಹರಕಿಷನ್ ಲಾಲ್ ಇದ್ದರು. ವಕೀಲರೇ ಏಕೆ ಎಂಬುದಕ್ಕೆ ಉತ್ತರ ಕಷ್ಟವಲ್ಲ. ಊರಿನ ಯಾವ ಮನೆತನದ ಆಸ್ತಿ ಯಾವ ವಿಭಾಗ ಪತ್ರದಲ್ಲಿ ಹಂಚಿಹೋಗಿದೆ, ಯಾರ ಜಮೀನು ಯಾವ ಅಡಮಾನದಲ್ಲಿ ಸಿಕ್ಕಿದೆ, ಯಾರು ಮಾತಿಗೆ ನಿಲ್ಲುವವರು, ಯಾರು ವಾಯಿದೆ ಕೇಳುತ್ತ ವರ್ಷ ಕಳೆಯುವವರು ಎಂಬುದು ಜಿಲ್ಲಾ ನ್ಯಾಯಾಲಯದ ವಕೀಲರಿಗೆ ಗೊತ್ತಿದ್ದಷ್ಟು ಬೇರೆ ಯಾರಿಗೂ ಗೊತ್ತಿರಲಿಲ್ಲ. ಸಾಲ ಕೊಡುವ ವಿವೇಕಕ್ಕೆ ಬೇಕಾದ ಮಾಹಿತಿ ಅವರ ಬಳಿಯಿತ್ತು. ಹಾಗೆಂದು ವಕೀಲರ ಬ್ಯಾಂಕೆಲ್ಲ ಉಳಿದವು ಎನ್ನುವಂತಿಲ್ಲ. ಅದೇ ಹರಕಿಷನ್ ಲಾಲ್ ನಡೆಸಿದ ಪೀಪಲ್ಸ್ ಬ್ಯಾಂಕ್ 1913ರಲ್ಲಿ ಕುಸಿಯಿತು. ಇನ್ನೊಂದು ಕಡೆ, ದಕ್ಷಿಣ ಕನ್ನಡದ ಬ್ಯಾಂಕುಗಳೆಲ್ಲ ವಕೀಲರ ಕೂಸುಗಳೂ ಅಲ್ಲ: ಕಾರ್ಪೊರೇಷನ್ ಬ್ಯಾಂಕನ್ನು ಉಡುಪಿಯಲ್ಲಿ ಕಟ್ಟಿದವರು ವ್ಯಾಪಾರಿ ಹಾಜಿ ಅಬ್ದುಲ್ಲಾ, ಸಿಂಡಿಕೇಟ್ ಬ್ಯಾಂಕಿನ ಮೂವರು ಸ್ಥಾಪಕರಲ್ಲಿ ಒಬ್ಬರು ಡಾಕ್ಟರು, ಒಬ್ಬರು ಎಂಜಿನಿಯರು, ಒಬ್ಬರು ಉದ್ಯಮಿ. ಇಷ್ಟು ಮಾತ್ರ ನಿಜ: ಆ ಕಾಲದಲ್ಲಿ ವಕೀಲರ ಮಾತು ಸಾಲದ ಅರ್ಜಿಯ ಮೇಲೆ ಬೀಳುತ್ತಿತ್ತು, ದಾವೆಯ ಕಡತದ ಮೇಲೆ ಮಾತ್ರವಲ್ಲ.

ಸ್ವಾತಂತ್ರ್ಯದ ನಂತರ ಬ್ಯಾಂಕಿಂಗ್ ಶಾಸನದ ಹಿಡಿತಕ್ಕೆ ಬಂದಿತು. 1949ರ ಬ್ಯಾಂಕಿಂಗ್ ಕಂಪನಿಗಳ ಕಾಯ್ದೆ, 1955ರ ಸ್ಟೇಟ್ ಬ್ಯಾಂಕ್ ಕಾಯ್ದೆ, 1960ರಲ್ಲಿ ಕೇರಳದ ಪಾಲಾಯಿ ಸೆಂಟ್ರಲ್ ಬ್ಯಾಂಕ್ ಮುಳುಗಿದ ಮೇಲೆ ಬಂದ ಠೇವಣಿ ವಿಮೆ ಕಾಯ್ದೆ, ಇವೆಲ್ಲ ವಕೀಲರಿಗೆ ಹೊಸ ಕೆಲಸ ಕೊಟ್ಟವು. ನಿಜವಾದ ತಿರುವು 1969ರ ಜುಲೈ 19ರಂದು ಬಂತು. ಅಂದು ಸುಗ್ರೀವಾಜ್ಞೆಯ ಮೂಲಕ, 50 ಕೋಟಿ ರೂಪಾಯಿಗೆ ಕಡಿಮೆಯಿಲ್ಲದಷ್ಟು ಠೇವಣಿಯಿದ್ದ 14 ಬ್ಯಾಂಕುಗಳು ಸರ್ಕಾರದ ವಶವಾದವು. ಸೆಂಟ್ರಲ್ ಬ್ಯಾಂಕಿನ ಷೇರುದಾರ ಆರ್. ಸಿ. ಕೂಪರ್ ಇದನ್ನು ಪ್ರಶ್ನಿಸಿದರು, ಅವರ ಪರವಾಗಿ ವಕೀಲ ನಾನಿ ಪಾಲ್ಕಿವಾಲಾ ವಾದಿಸಿದರು, 1970ರ ಫೆಬ್ರುವರಿ 10ರಂದು ಸುಪ್ರೀಂ ಕೋರ್ಟಿನ 11 ನ್ಯಾಯಮೂರ್ತಿಗಳ ಪೀಠ 10–1ರ ಬಹುಮತದಿಂದ, ಸುಗ್ರೀವಾಜ್ಞೆಯ ಜಾಗಕ್ಕೆ ಬಂದಿದ್ದ ಕಾಯ್ದೆಯನ್ನು ತಳ್ಳಿಹಾಕಿತು. ನಾಲ್ಕೇ ದಿನದಲ್ಲಿ ಸರ್ಕಾರ ಪರಿಹಾರದ ಮೊತ್ತವನ್ನು ಸ್ಪಷ್ಟಪಡಿಸಿದ ಹೊಸ ಸುಗ್ರೀವಾಜ್ಞೆ ತಂದು ರಾಷ್ಟ್ರೀಕರಣವನ್ನು ಉಳಿಸಿಕೊಂಡಿತು. ಈ ಪ್ರಕರಣವನ್ನು ಸಂವಿಧಾನದ ಚರ್ಚೆಯಲ್ಲಿ ಮೂಲಭೂತ ಹಕ್ಕುಗಳ ಮೈಲಿಗಲ್ಲಾಗಿ ಓದುವುದು ವಾಡಿಕೆ. ಬ್ಯಾಂಕ್ ವಕೀಲಿಕೆಯ ದೃಷ್ಟಿಯಿಂದ ಅದರಲ್ಲಿ ಇನ್ನೊಂದು ಪಾಠವಿದೆ. ಮೊದಲ ಕರಡಿನಲ್ಲಿ ಉಳಿದ ಕೊರತೆ ಸರ್ಕಾರವನ್ನು ದೇಶದ ಅತ್ಯುಚ್ಚ ನ್ಯಾಯಾಲಯದಲ್ಲಿ ಸೋಲಿಸಿತು, ಎರಡನೆಯ ಕರಡಿನ ಎಚ್ಚರ ಅದೇ ನೀತಿಯನ್ನು ಗೆಲ್ಲಿಸಿತು. ನೀತಿ ಬದಲಾಗಲಿಲ್ಲ, ಬದಲಾದದ್ದು ಬರವಣಿಗೆ.

ರಾಷ್ಟ್ರೀಕರಣದ ಬಳಿಕ ಶಾಖೆಗಳು ಹಳ್ಳಿಹಳ್ಳಿಗೆ ಹರಡಿದವು. ಮಂಜೂರಾತಿಯ ಅಧಿಕಾರ ಶಾಖಾ ವ್ಯವಸ್ಥಾಪಕರಿಂದ ಪ್ರಾದೇಶಿಕ ಕಚೇರಿಯವರೆಗೆ ಮೆಟ್ಟಿಲುಮೆಟ್ಟಿಲಾಗಿ ಹಂಚಿಹೋಯಿತು. ಎಲ್ಲ ಶಾಖೆಗೂ ಒಬ್ಬ ವಕೀಲರನ್ನು ಕೂರಿಸಲು ಸಾಧ್ಯವಿರಲಿಲ್ಲ. ಆದ್ದರಿಂದ ಎರಡು ಪದರಗಳ ವ್ಯವಸ್ಥೆ ಬೆಳೆಯಿತು: ಮೇಲಿನ ಕಚೇರಿಗಳಲ್ಲಿ ಬೆರಳೆಣಿಕೆಯ ಕಾನೂನು ಅಧಿಕಾರಿಗಳು, ಕೆಳಗೆ ತಾಲ್ಲೂಕು ಕೇಂದ್ರಗಳಲ್ಲಿ ಪ್ಯಾನೆಲ್ ವಕೀಲರು. ಇಂದು ಬಹುತೇಕ ಸರ್ಕಾರಿ ಬ್ಯಾಂಕುಗಳ ಕಾನೂನು ಅಧಿಕಾರಿ ಹುದ್ದೆಗೆ ಐಬಿಪಿಎಸ್ ನಡೆಸುವ ವಿಶೇಷ ಅಧಿಕಾರಿಗಳ ಪರೀಕ್ಷೆಯ ಮೂಲಕವೇ ಹೋಗಬೇಕು. ಕಾನೂನು ಪದವಿಯ ಜೊತೆಗೆ ವಕೀಲರ ಪರಿಷತ್ತಿನಲ್ಲಿ ನೋಂದಣಿಯೂ ಬೇಕು. ಸ್ಟೇಟ್ ಬ್ಯಾಂಕ್ ಮತ್ತು ರಿಸರ್ವ್ ಬ್ಯಾಂಕ್ ತಮ್ಮದೇ ನೇಮಕಾತಿ ನಡೆಸುತ್ತವೆ. ಖಾಸಗಿ ಬ್ಯಾಂಕುಗಳು ಅನುಭವಿಗಳನ್ನು ಕಾನೂನು ಸಂಸ್ಥೆಗಳಿಂದ ನೇರವಾಗಿ ಸೆಳೆದುಕೊಳ್ಳುತ್ತವೆ. ಈ ಭಾಗ ಯಾವ ನೇಮಕಾತಿ ಪ್ರಕಟಣೆಯಲ್ಲಾದರೂ ಸಿಗುವಂಥದ್ದು. ಹುದ್ದೆ ಸಿಕ್ಕ ಮೇಲೆ ಆ ಅಧಿಕಾರಿ ಏನು ಮಾಡುತ್ತಾರೆ ಎಂಬುದು ಪ್ರಕಟಣೆಯಲ್ಲಿ ಇರುವುದಿಲ್ಲ.

ಮೊದಲ ಕೆಲಸ ಆಸ್ತಿಯ ಹಕ್ಕನ್ನು ಪರೀಕ್ಷಿಸುವುದು. ಕರ್ನಾಟಕದಲ್ಲಿ ಇದು ಸಾಮಾನ್ಯ ಕೆಲಸವಲ್ಲ. ಮೂವತ್ತು ವರ್ಷಗಳ ಋಣಭಾರ ಪತ್ರ ತೆಗೆಸಿ, ಕ್ರಯಪತ್ರಗಳ ಸರಣಿಯನ್ನು ಜೋಡಿಸಿ, ಪಹಣಿ, ಮ್ಯುಟೇಷನ್, ಖಾತಾ ಹೊಂದಿಸಿ ನೋಡಿದರೂ ಒಂದು ಎಳೆ ತಪ್ಪಿಹೋಗಬಹುದು. ಭೂ ಸುಧಾರಣಾ ಕಾಯ್ದೆಯ ತಿದ್ದುಪಡಿಯ ಪ್ರಕಾರ ಗೇಣಿಯಲ್ಲಿದ್ದ ಜಮೀನು 1974ರ ಮಾರ್ಚ್ 1ರಂದು ಸರ್ಕಾರದಲ್ಲಿ ನಿಹಿತವಾಯಿತು. ಆ ದಿನಾಂಕದ ನಂತರ ಹಳೆಯ ಭೂಮಾಲೀಕರು ಬರೆದುಕೊಟ್ಟ ಕ್ರಯಪತ್ರ ಎಷ್ಟು ಚಂದವಾಗಿ ನೋಂದಣಿಯಾಗಿದ್ದರೂ ಹಕ್ಕು ಕೊಡುವುದಿಲ್ಲ. ಪರಿಶಿಷ್ಟ ಜಾತಿ, ಪಂಗಡದವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನಿನ ಪರಭಾರೆಯನ್ನು ನಿಷೇಧಿಸುವ 1978ರ ಕಾಯ್ದೆ ಇನ್ನೂ ಸೂಕ್ಷ್ಮ. ಅದರ ಹಿಂದಿನ ಪರಭಾರೆಗಳಿಗೂ ಅದು ಅನ್ವಯಿಸುತ್ತದೆ ಎಂಬುದನ್ನು ಸುಪ್ರೀಂ ಕೋರ್ಟ್ 1984ರಲ್ಲಿ ಎತ್ತಿಹಿಡಿಯಿತು. ಜಮೀನು ಮರಳಿ ಕೇಳುವ ಅರ್ಜಿ ಸಮಂಜಸವಾದ ಅವಧಿಯೊಳಗೆ ಬರಬೇಕು ಎಂದು ಅದೇ ನ್ಯಾಯಾಲಯ 2017ರಲ್ಲಿ ಹೇಳಿದ್ದರಿಂದ ಬ್ಯಾಂಕುಗಳಿಗೆ ಸ್ವಲ್ಪ ನಿರಾಳವಾಗಿತ್ತು. 2023ರಲ್ಲಿ ರಾಜ್ಯ ಸರ್ಕಾರ ಕಾಯ್ದೆಗೆ ತಿದ್ದುಪಡಿ ತಂದು ಕಾಲಮಿತಿಯ ಆ ತಡೆಯನ್ನು ತೆಗೆಯಿತು. ಅಂದರೆ 2019ರಲ್ಲಿ ಸರಿಯೆನ್ನಬಹುದಾಗಿದ್ದ ಅಭಿಪ್ರಾಯ ಈಗ ಅಪಾಯಕಾರಿ. ಬೆಂಗಳೂರಿನ ಅಂಚಿನ ಬಿ ಖಾತಾ ನಿವೇಶನಗಳ ಗೊಂದಲ ಇದರ ಮೇಲಿನದು. ಇಂಥ ಪರೀಕ್ಷೆಗೆ ನೆಲದ ಇತಿಹಾಸ ಗೊತ್ತಿರಬೇಕು, ಓಡಾಟಕ್ಕೆ ಸಮಯ ಬೇಕು, ಅನುಮಾನ ಬಂದಾಗ ಬೇಡವೆನ್ನುವ ಧೈರ್ಯವೂ ಬೇಕು.

ಈ ಕೆಲಸಕ್ಕೆ ಬ್ಯಾಂಕುಗಳು ಕಟ್ಟಿರುವ ಬೆಲೆ ನೋಡಿ. ಕೋಟಿ ರೂಪಾಯಿಯ ಸಾಲದ ಬುಡದಲ್ಲಿರುವ ಹಕ್ಕಿನ ಅಭಿಪ್ರಾಯಕ್ಕೆ ಪ್ಯಾನೆಲ್ ವಕೀಲರಿಗೆ ಸಿಗುವುದು ಕೆಲವು ಸಾವಿರ. ಹಲವೆಡೆ ಆ ಶುಲ್ಕವನ್ನೂ ಭರಿಸುವವರು ಸಾಲ ಕೇಳಿ ಬಂದವರೇ. ಬೇಡವೆಂದು ಬರೆದರೆ ಸಾಲ ನಿಲ್ಲುತ್ತದೆ, ತಿಂಗಳ ಗುರಿ ತಪ್ಪಿದ ವ್ಯವಸ್ಥಾಪಕರು ಮುಂದಿನ ಕಡತವನ್ನು ಬೇರೆ ವಕೀಲರಿಗೆ ಕಳಿಸುತ್ತಾರೆ. ಸರಿಯೆಂದು ಬರೆದು ತಪ್ಪಾದರೆ ಅಪರಾಧದ ಆರೋಪ ಎದುರಾಗಬಹುದು. ವಿಜಯಾ ಬ್ಯಾಂಕಿನ ಹೈದರಾಬಾದಿನ ಶಾಖೆಯೊಂದರ ಗೃಹಸಾಲ ವಂಚನೆಯಲ್ಲಿ ಸಿಬಿಐ ಪ್ಯಾನೆಲ್ ವಕೀಲರನ್ನೂ ಆರೋಪಿಯಾಗಿಸಿತ್ತು. 2012ರಲ್ಲಿ ಸುಪ್ರೀಂ ಕೋರ್ಟ್ ಆ ಆರೋಪವನ್ನು ಒಪ್ಪಲಿಲ್ಲ: ತಪ್ಪು ಅಭಿಪ್ರಾಯ ಕೊಟ್ಟಿದ್ದು ನಿರ್ಲಕ್ಷ್ಯವಾಗಿರಬಹುದು, ಆದರೆ ಸಂಚಿನಲ್ಲಿ ಪಾಲ್ಗೊಂಡ ಪುರಾವೆಯಿಲ್ಲದೆ ಅದನ್ನು ಅಪರಾಧವೆನ್ನಲಾಗದು ಎಂದಿತು. ಈ ತೀರ್ಪು ವಕೀಲರನ್ನು ರಕ್ಷಿಸಿತು, ವ್ಯವಸ್ಥೆಯನ್ನು ತಿದ್ದಲಿಲ್ಲ. ಮರುವರ್ಷವೇ, 2013ರ ಜೂನ್‌ನಲ್ಲಿ, ರಿಸರ್ವ್ ಬ್ಯಾಂಕ್ 5 ಕೋಟಿ ರೂಪಾಯಿ ಮತ್ತು ಅದಕ್ಕೂ ಮೇಲಿನ ಸಾಲಗಳ ಹಕ್ಕುಪತ್ರಗಳನ್ನು ಕಾಲಕಾಲಕ್ಕೆ ಕಾನೂನು ಲೆಕ್ಕಪರಿಶೋಧನೆಗೆ ಒಳಪಡಿಸಿ ಮರುಪರೀಕ್ಷಿಸಬೇಕೆಂದು ಬ್ಯಾಂಕುಗಳಿಗೆ ಸೂಚಿಸಿತು. ಮೊದಲ ಪರೀಕ್ಷೆಯ ಮೇಲೆ ನಂಬಿಕೆಯಿದ್ದರೆ ಎರಡನೆಯ ಪರೀಕ್ಷೆಯ ಅಗತ್ಯ ಬೀಳುತ್ತಿರಲಿಲ್ಲ.

ಇತ್ತ ಮಂಜೂರಾತಿಯ ಮುಂಬಾಗಿಲು ಹೀಗೆ ಸೊರಗುತ್ತಿದ್ದಾಗ ವಸೂಲಿಯ ಹಿಂಬಾಗಿಲಿನ ಕಾನೂನು ದಶಕದಿಂದ ದಶಕಕ್ಕೆ ಬಲಿಷ್ಠವಾಯಿತು. 1990ರ ಸೆಪ್ಟೆಂಬರ್ 30ರ ವೇಳೆಗೆ ಸರ್ಕಾರಿ ಬ್ಯಾಂಕುಗಳು ಹೂಡಿದ 15 ಲಕ್ಷಕ್ಕೂ ಹೆಚ್ಚು ದಾವೆಗಳು ಸಿವಿಲ್ ನ್ಯಾಯಾಲಯಗಳಲ್ಲಿ ಕೊಳೆಯುತ್ತಿದ್ದವು. ಅವುಗಳಲ್ಲಿ ಸಿಕ್ಕಿಬಿದ್ದ ಹಣ 5,622 ಕೋಟಿ ರೂಪಾಯಿ. ತಿವಾರಿ ಸಮಿತಿ ಎಂಬತ್ತರ ದಶಕದಲ್ಲೇ ವಿಶೇಷ ನ್ಯಾಯಮಂಡಳಿಯ ಸಲಹೆ ಕೊಟ್ಟಿತ್ತು, ನರಸಿಂಹಂ ಸಮಿತಿ 1991ರಲ್ಲಿ ಅದನ್ನು ಅನುಮೋದಿಸಿತು, 1993ರಲ್ಲಿ ಸಾಲ ವಸೂಲಿ ನ್ಯಾಯಮಂಡಳಿ ಕಾಯ್ದೆ ಬಂತು. 2002ರ ಸರ್ಫೇಸಿ ಕಾಯ್ದೆ ಇನ್ನೂ ಮುಂದೆ ಹೋಯಿತು. 60 ದಿನಗಳ ನೋಟಿಸ್ ಕೊಟ್ಟು, ನ್ಯಾಯಾಲಯದ ಮೆಟ್ಟಿಲು ಹತ್ತದೆಯೇ ಅಡಮಾನದ ಆಸ್ತಿಯನ್ನು ವಶಪಡಿಸಿಕೊಂಡು ಹರಾಜು ಹಾಕುವ ಅಧಿಕಾರವನ್ನು ಅದು ಬ್ಯಾಂಕಿಗೇ ಕೊಟ್ಟಿತು; ಕೃಷಿ ಜಮೀನು ಮಾತ್ರ ಹೊರಗುಳಿಯಿತು. ಪ್ರಶ್ನಿಸಲು ಬಂದ ಸಾಲಗಾರರು ಬಾಕಿಯ ಶೇಕಡ 75ರಷ್ಟನ್ನು ಮೊದಲೇ ಕಟ್ಟಬೇಕೆಂಬ ಷರತ್ತು 2004ರ ಮಾರ್ಡಿಯಾ ಕೆಮಿಕಲ್ಸ್ ತೀರ್ಪಿನಲ್ಲಿ ಬಿದ್ದುಹೋಯಿತು, ಉಳಿದ ಕಾಯ್ದೆ ನಿಂತಿತು. ಬ್ಯಾಂಕಿನ ಕಾನೂನು ವಿಭಾಗದ ಬದುಕೇ ಇದರಿಂದ ಬದಲಾಯಿತು. ನೋಟಿಸಿನ ಒಕ್ಕಣೆ, ಪಂಚನಾಮೆ, ಪತ್ರಿಕಾ ಪ್ರಕಟಣೆ, ಜಿಲ್ಲಾಧಿಕಾರಿಗೆ ಅರ್ಜಿ, ಹರಾಜಿನ ಕನಿಷ್ಠ ಬೆಲೆ, ಕಾಲಮಿತಿ ಮೀರದಂತೆ ಸಾಲಗಾರರಿಂದ ಸಾಲ ಒಪ್ಪಿಗೆ ಪತ್ರ ಬರೆಸಿಕೊಳ್ಳುವುದು, ಚೆಕ್ ಅಮಾನ್ಯವಾದರೆ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಕಲಮಿನ ದೂರು, ಇವೇ ದಿನಚರಿಯಾದವು. ಕರ್ನಾಟಕದ ವಸೂಲಿ ನ್ಯಾಯಮಂಡಳಿ ಬೆಂಗಳೂರಿನಲ್ಲಿದ್ದರೂ ಮೇಲ್ಮನವಿಗೆ ಚೆನ್ನೈಗೇ ಹೋಗಬೇಕು. ವರ್ಷದ ಕೊನೆಗೆ ಲೆಕ್ಕಕ್ಕೆ ಸಿಗುವುದು ವಸೂಲಾದ ಮೊತ್ತ. ಕಾನೂನು ಅಧಿಕಾರಿಯ ಎಚ್ಚರದಿಂದ ಕೊಡದೇ ಉಳಿದ ಕೆಟ್ಟ ಸಾಲ ಯಾವ ಕೋಷ್ಟಕದಲ್ಲೂ ಕಾಣುವುದಿಲ್ಲ. ಕಾಣದ ಸೇವೆಗೆ ಬಡ್ತಿ ಸಿಗುವುದು ಕಷ್ಟ.

ಬೆಂಗಳೂರಿನ ಕಿಂಗ್‌ಫಿಶರ್ ಏರ್‌ಲೈನ್ಸ್ ಪ್ರಕರಣ ಈ ವಾದಕ್ಕೆ ಅತ್ಯಂತ ದುಬಾರಿ ಸಾಕ್ಷಿ. ಸ್ಟೇಟ್ ಬ್ಯಾಂಕ್ ನೇತೃತ್ವದ 17 ಬ್ಯಾಂಕುಗಳ ಒಕ್ಕೂಟ ಈ ವಿಮಾನ ಕಂಪನಿಗೆ ಕೊಟ್ಟ ಸಾಲದ ಆಧಾರಗಳಲ್ಲಿ ಕಂಪನಿಯ ಬ್ರ್ಯಾಂಡ್ ಹೆಸರು, ಪ್ರವರ್ತಕ ವಿಜಯ್ ಮಲ್ಯ ಅವರ ವೈಯಕ್ತಿಕ ಖಾತರಿ ಸೇರಿದ್ದವು. ವಿಮಾನ ಹಾರಾಟ ನಿಂತ ಮೇಲೆ ಬ್ರ್ಯಾಂಡಿಗೆ ಬೆಲೆ ಉಳಿಯಲಿಲ್ಲ. ಮುಂಬೈಯಲ್ಲಿದ್ದ ಕಂಪನಿಯ ಕಚೇರಿ ಕಟ್ಟಡ ಕಿಂಗ್‌ಫಿಶರ್ ಹೌಸ್ 2016ರಲ್ಲಿ 150 ಕೋಟಿ ರೂಪಾಯಿ ಕನಿಷ್ಠ ಬೆಲೆಯೊಂದಿಗೆ ಹರಾಜಿಗೆ ಬಂದು, ಕೊಳ್ಳುವವರಿಲ್ಲದೆ ಮತ್ತೆ ಮತ್ತೆ ಬೆಲೆ ಇಳಿದು, ಕೊನೆಗೆ 2021ರಲ್ಲಿ ಸುಮಾರು 52 ಕೋಟಿಗೆ ಹೋಯಿತು. ವಸೂಲಿಯ ಕಡೆಯ ವಕೀಲಿಕೆ ಮಾತ್ರ ಮೆಚ್ಚುವಂಥದ್ದೇ. 2017ರ ಜನವರಿಯಲ್ಲಿ ಬೆಂಗಳೂರಿನ ನ್ಯಾಯಮಂಡಳಿ 6,203 ಕೋಟಿ ರೂಪಾಯಿಯನ್ನು ಶೇಕಡ 11.5ರ ಬಡ್ಡಿಯೊಂದಿಗೆ ವಸೂಲು ಮಾಡಲು ಆದೇಶಿಸಿತು, ಆ ಆದೇಶವನ್ನು ಲಂಡನ್ನಿನ ಹೈಕೋರ್ಟ್ 2018ರಲ್ಲಿ ಮಾನ್ಯ ಮಾಡಿತು, 2021ರ ಜುಲೈನಲ್ಲಿ ಅಲ್ಲಿಯೇ ಮಲ್ಯ ಅವರನ್ನು ದಿವಾಳಿ ಎಂದು ಘೋಷಿಸಲಾಯಿತು. ಭಾರತದ ನ್ಯಾಯಮಂಡಳಿಯೊಂದರ ಆದೇಶ ಥೇಮ್ಸ್ ದಂಡೆಯವರೆಗೆ ನಡೆದುಹೋದದ್ದು ಸಣ್ಣ ಸಾಧನೆಯಲ್ಲ. ಆದರೂ ಸಾಲಪತ್ರಗಳ ಮೇಲೆ ಸಹಿ ಬೀಳುವ ದಿನ ಕೇಳಬೇಕಿದ್ದ ಪ್ರಶ್ನೆಗಳನ್ನು ಎರಡು ದೇಶಗಳ ನ್ಯಾಯಾಲಯಗಳಲ್ಲಿ ವರ್ಷಗಟ್ಟಲೆ ಕೇಳಬೇಕಾಯಿತು. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದಂತೆ ಎನ್ನುವ ಗಾದೆಯನ್ನು ಬ್ಯಾಂಕುಗಳು ಇಷ್ಟು ಖರ್ಚು ಮಾಡಿ ನಿಜಮಾಡಿ ತೋರಿಸಬೇಕಿರಲಿಲ್ಲ.

ಕಾರ್ಪೊರೇಟ್ ಬ್ಯಾಂಕಿಂಗ್‌ನ ವಕೀಲಿಕೆ ತುಸು ಬೇರೆ ಜಾತಿಯದು. ಅಲ್ಲಿ ಆಧಾರ ಒಂದು ಮನೆಯೋ ಗದ್ದೆಯೋ ಅಲ್ಲ. ವಿದ್ಯುತ್ ಖರೀದಿ ಒಪ್ಪಂದದಿಂದ ಬರಲಿರುವ ಹಣ, ಹೆದ್ದಾರಿಯ ಸುಂಕ, ಪ್ರವರ್ತಕರ ಷೇರು. ಇಪ್ಪತ್ತು ಬ್ಯಾಂಕುಗಳು ಸೇರಿ ಕೊಡುವ ಸಾಲದಲ್ಲಿ ಯಾರ ಹಕ್ಕು ಮೊದಲು, ಯಾರದು ಆಮೇಲೆ, ಕಂಪನಿ ಲಾಭಾಂಶ ಹಂಚಲು ಯಾರ ಅನುಮತಿ ಕೇಳಬೇಕು, ಯಾವ ಸೂಚ್ಯಂಕ ಇಳಿದರೆ ಸಾಲ ಹಿಂದಕ್ಕೆ ಕರೆಯಬಹುದು ಎಂಬುದನ್ನೆಲ್ಲ ನೂರಾರು ಪುಟಗಳ ಕರಾರಿನಲ್ಲಿ ಮೊದಲೇ ಬರೆದಿಡಬೇಕು. ಇಲ್ಲಿ ವಕೀಲರು ಮುಂಬಾಗಿಲಲ್ಲೇ ಇದ್ದಾರೆ, ಕೈತುಂಬ ಶುಲ್ಕವನ್ನೂ ಪಡೆಯುತ್ತಾರೆ. ಹಾಗಾದರೆ ಈ ಲೇಖನದ ವಾದ ಇಲ್ಲಿ ಸೋತಿತೇ? ಪೂರ್ತಿ ಸೋಲುವುದಿಲ್ಲ. ಅವರು ಒಪ್ಪಂದವನ್ನು ಬರೆಯುತ್ತಾರೆ. ಒಪ್ಪಂದಕ್ಕೆ ಹೋಗಬೇಕೇ ಬೇಡವೇ ಎಂದು ಅವರನ್ನು ಕೇಳುವ ಹೊತ್ತಿಗೆ ಮಂಜೂರಾತಿ ಮುಗಿದಿರುತ್ತದೆ. 2016ರ ದಿವಾಳಿ ಸಂಹಿತೆ ಬಂದ ಮೇಲಂತೂ ಈ ವಲಯದ ಪ್ರತಿಭೆಯೂ ಹಿಂಬಾಗಿಲ ಕಡೆಗೆ ಹರಿಯಿತು. ಎಸ್ಸಾರ್ ಸ್ಟೀಲ್ ಪ್ರಕರಣದಲ್ಲಿ 2019ರ ನವೆಂಬರ್ 15ರಂದು ಸುಪ್ರೀಂ ಕೋರ್ಟ್ ಸಾಲದಾತರ ಸಮಿತಿಯ ವಾಣಿಜ್ಯ ವಿವೇಕವೇ ಅಂತಿಮ ಎಂದು ಹೇಳಿ ಸುಮಾರು 42,000 ಕೋಟಿ ರೂಪಾಯಿಯ ಪರಿಹಾರ ಯೋಜನೆಗೆ ದಾರಿ ಮಾಡಿತು. ನ್ಯಾಯಾಲಯಗಳೇ ಬ್ಯಾಂಕುಗಳ ವಾಣಿಜ್ಯ ವಿವೇಕವನ್ನು ಇಷ್ಟು ಗೌರವಿಸುವಾಗ ಆ ವಿವೇಕದೊಳಗೆ ಕಾನೂನಿನ ಪಾಲು ಎಷ್ಟಿತ್ತು ಎಂದು ಬ್ಯಾಂಕುಗಳು ತಮ್ಮನ್ನೇ ಕೇಳಿಕೊಳ್ಳಬೇಕಾದ್ದು ಸಹಜ.

ನಿಯಂತ್ರಕರ ಕಡೆಯಲ್ಲೂ ಇದೇ ಕಥೆ. ರಿಸರ್ವ್ ಬ್ಯಾಂಕ್ 2018ರ ಫೆಬ್ರುವರಿ 12ರ ಸುತ್ತೋಲೆಯಲ್ಲಿ ದೊಡ್ಡ ಸಾಲಗಾರರು ಒಂದು ದಿನ ಬಾಕಿ ಉಳಿಸಿಕೊಂಡರೂ ಪರಿಹಾರ ಪ್ರಕ್ರಿಯೆ ಶುರುವಾಗಬೇಕು, 180 ದಿನಗಳಲ್ಲಿ ಮುಗಿಯದಿದ್ದರೆ ದಿವಾಳಿ ಪ್ರಕ್ರಿಯೆಗೆ ಕಳಿಸಬೇಕು ಎಂದು ವಿಧಿಸಿತು. ಉದ್ದೇಶ ಒಳ್ಳೆಯದೇ ಇತ್ತು. 2019ರ ಏಪ್ರಿಲ್ 2ರಂದು ಧರಣಿ ಶುಗರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ರದ್ದುಮಾಡಿತು: ಹಾಗೆ ನಿರ್ದೇಶಿಸಲು ಕೇಂದ್ರ ಸರ್ಕಾರದ ಅನುಮತಿ, ಅದೂ ನಿರ್ದಿಷ್ಟ ಸಾಲಗಾರರ ನಿರ್ದಿಷ್ಟ ಬಾಕಿಗೆ ಸಂಬಂಧಿಸಿ, ಬೇಕಿತ್ತು ಎಂಬುದು ಕಾರಣ. 1970ರಲ್ಲಿ ಕೂಪರ್ ಪ್ರಕರಣದಲ್ಲಿ ಸರ್ಕಾರ ಕಲಿತ ಪಾಠವನ್ನೇ ಅರ್ಧ ಶತಮಾನದ ಬಳಿಕ ಕೇಂದ್ರೀಯ ಬ್ಯಾಂಕು ಮತ್ತೆ ಕಲಿಯಬೇಕಾಯಿತು.

ಈ ವಾದಕ್ಕೆ ಎದುರಾಗುವ ಆಕ್ಷೇಪಗಳು ಹಗುರವಲ್ಲ. ವಸೂಲಿ ಕಾನೂನು ಬಲವಾದದ್ದರಿಂದಲೇ ಬ್ಯಾಂಕುಗಳು ಸುಧಾರಿಸಿದವು ಎನ್ನುವವರು ಅಂಕಿ ತೋರಿಸುತ್ತಾರೆ: 2018ರ ಮಾರ್ಚಿನಲ್ಲಿ ಶೇಕಡ 11ನ್ನು ಮೀರಿದ್ದ ಒಟ್ಟು ವಸೂಲಾಗದ ಸಾಲದ ಪ್ರಮಾಣ 2024ರ ಮಾರ್ಚಿಗೆ ಶೇಕಡ 3ಕ್ಕಿಂತ ಕೆಳಗಿಳಿದಿದೆ. ಈ ಇಳಿಕೆ ನಿಜ. ಅದರಲ್ಲಿ ದೊಡ್ಡ ಪಾಲು ಲೆಕ್ಕದಿಂದ ತೆಗೆದುಹಾಕಿದ ಸಾಲಗಳದು ಮತ್ತು ಸರ್ಕಾರ ಹೊಸ ಬಂಡವಾಳ ತುಂಬಿ ಅದಕ್ಕೆ ಅವಕಾಶ ಮಾಡಿಕೊಟ್ಟಿದ್ದರ ಫಲ ಎಂಬುದೂ ನಿಜ. ದಿವಾಳಿ ಸಂಹಿತೆಯಡಿ ಪರಿಹಾರ ಕಂಡ ಪ್ರಕರಣಗಳಲ್ಲಿ ಸಾಲದಾತರಿಗೆ ದಕ್ಕಿದ್ದು ಒಪ್ಪಿತ ಹಕ್ಕಿನ ಮೂರನೇ ಒಂದರ ಆಸುಪಾಸು. ಸಂಹಿತೆಯ ಭಯದಿಂದಲೇ ಬಾಕಿ ತೀರಿಸಿದವರು ಅನೇಕರಿದ್ದಾರೆ, ಆ ಶ್ರೇಯಸ್ಸನ್ನು ಅದಕ್ಕೆ ಕೊಡಲೇಬೇಕು. ಆದರೆ ಅತ್ಯುತ್ತಮ ವಸೂಲಿ ಯಂತ್ರವೂ ರೂಪಾಯಿಗೆ ಮೂವತ್ತು ಪೈಸೆಯ ಸುತ್ತ ತರುತ್ತಿದ್ದರೆ, ಮೊದಲ ಮೇಜಿನಲ್ಲಿ ಉಳಿಸಿದ ರೂಪಾಯಿಯ ಬೆಲೆ ಎಷ್ಟೆಂದು ಬೇರೆ ಹೇಳಬೇಕಾಗಿಲ್ಲ.

ಎರಡನೆಯ ಆಕ್ಷೇಪ ಹೆಚ್ಚು ಗಟ್ಟಿ. ಸಾಲ ಕೆಡುವುದು ಕಾನೂನಿನ ಲೋಪದಿಂದಲ್ಲ, ವ್ಯಾಪಾರದ ಏರಿಳಿತದಿಂದ ಅಥವಾ ಒಳಗಿನವರ ವಂಚನೆಯಿಂದ ಎನ್ನುತ್ತದೆ ಅದು. 2018ರಲ್ಲಿ ಬಯಲಾದ ಪಂಜಾಬ್ ನ್ಯಾಷನಲ್ ಬ್ಯಾಂಕಿನಲ್ಲಿ ವಜ್ರ ವ್ಯಾಪಾರಿ ನೀರವ್ ಮೋದಿ ನಡೆಸಿದ ಹಗರಣದಲ್ಲಿ ಮೊದಲು ಹೊರಬಿದ್ದ ಮೊತ್ತವೇ 11,400 ಕೋಟಿ ರೂಪಾಯಿಯಷ್ಟಿತ್ತು. ಅಲ್ಲಿ ಬ್ಯಾಂಕಿನ ಸಂದೇಶ ಜಾಲದ ಮೂಲಕ ಹೋದ ಖಾತರಿ ಪತ್ರಗಳು ಬ್ಯಾಂಕಿನ ಪುಸ್ತಕಕ್ಕೇ ಬಂದಿರಲಿಲ್ಲ. ಯಾವ ಕಾನೂನು ಅಧಿಕಾರಿಯ ಮುಂದೆಯೂ ಬಾರದ ಕಾಗದವನ್ನು ಯಾರು ತಡೆಯಬೇಕಿತ್ತು? ಈ ಮಾತನ್ನು ಒಪ್ಪಬೇಕು. ವಕೀಲರು ಉಕ್ಕಿನ ಬೆಲೆಯನ್ನು ಊಹಿಸಲಾರರು, ಗುಪ್ತ ಪಾಸ್‌ವರ್ಡನ್ನು ಕಾಯಲಾರರು. ಆದರೂ ಆಧಾರದ ಸತ್ವ, ಖಾತರಿದಾರರ ಆಸ್ತಿ, ಗುಂಪು ಕಂಪನಿಗಳ ಒಳಸಂಬಂಧ, ಒಂದೇ ಹಕ್ಕುಪತ್ರದ ಮೇಲೆ ಎರಡು ಬ್ಯಾಂಕಿನಿಂದ ಸಾಲ ಎತ್ತುವುದು, ಇವೆಲ್ಲ ಕಾನೂನಿನ ಕಣ್ಣಿಗೇ ಬೀಳುವಂಥವು. ಒಂದೇ ಆಸ್ತಿಯನ್ನು ಹಲವೆಡೆ ಅಡವಿಡುವ ವಂಚನೆ ಎಷ್ಟು ವ್ಯಾಪಕವಾಗಿತ್ತೆಂದರೆ ಅದನ್ನು ತಡೆಯಲೆಂದೇ 2011ರಲ್ಲಿ ಸರ್ಸಾಯ್ ಎಂಬ ಕೇಂದ್ರ ನೋಂದಣಿ ವ್ಯವಸ್ಥೆಯನ್ನು ಕಟ್ಟಬೇಕಾಯಿತು. ಮೂಲ ಹಕ್ಕುಪತ್ರಗಳನ್ನು ಠೇವಣಿ ಇಟ್ಟು ಅಡಮಾನ ಮಾಡುವ ಸರಳ ವಿಧಾನವನ್ನು ಆಸ್ತಿ ಹಸ್ತಾಂತರ ಕಾಯ್ದೆಯೇ ಒಪ್ಪುತ್ತದೆ. ನಕಲಿ ಮೂಲಪತ್ರ ತಯಾರಾಗುವ ಕಾಲದಲ್ಲಿ ಆ ಸರಳತೆಯೇ ಬಲೆ.

ಬೇಡವೆನ್ನುವ ವಕೀಲರಿಗೆ ಅಧಿಕಾರ ಕೊಟ್ಟರೆ ದಾಖಲೆ ಸರಿಯಿಲ್ಲದ ಸಣ್ಣ ರೈತರು, ಬಡಾವಣೆಯ ಸಣ್ಣ ವ್ಯಾಪಾರಿಗಳು ಸಾಲದಿಂದಲೇ ಹೊರಗುಳಿಯುತ್ತಾರೆ ಎಂಬ ಮೂರನೆಯ ಮಾತು ಕಾಳಜಿಯಿಂದ ಬಂದದ್ದು. ನಡೆದಿರುವುದು ಬಹುಮಟ್ಟಿಗೆ ಇದರ ತಿರುವುಮುರುವು. ಸಣ್ಣವರ ಮನೆಪತ್ರವನ್ನು ಸಾಲುಸಾಲಾಗಿ ಓದುವ ವ್ಯವಸ್ಥೆ, ಸಾವಿರಾರು ಕೋಟಿಯ ಸಾಲಕ್ಕೆ ಬ್ರ್ಯಾಂಡ್ ಹೆಸರನ್ನು ಆಧಾರವಾಗಿ ಒಪ್ಪಿತು. ಕಾನೂನಿನ ಎಚ್ಚರ ಎಲ್ಲಿ ಬೇಕಿತ್ತೋ ಅಲ್ಲಿ ಇರಲಿಲ್ಲ ಎನ್ನುವುದೇ ದೂರು. ಗ್ರಾಹಕರ ರಕ್ಷಣೆಯ ದೃಷ್ಟಿಯಿಂದಲೂ ಮೊದಲ ಮೇಜಿನ ವಕೀಲರು ಅಗತ್ಯ. ಬ್ಯಾಂಕಿನಲ್ಲಿರುವ ಗ್ರಾಹಕರ ದಾಖಲೆಗಳ ಮೇಲೆ ಗ್ರಾಹಕರಿಗೆ ಖಾಸಗಿತನದ ಹಕ್ಕಿದೆ ಎಂದು ಸುಪ್ರೀಂ ಕೋರ್ಟ್ 2004ರಲ್ಲಿ ತೀರ್ಪಿತ್ತ ಪ್ರಕರಣದಲ್ಲಿ, ಆಂಧ್ರದ ಸ್ಟಾಂಪು ಅಧಿಕಾರಿಗಳ ಶೋಧದ ಅಧಿಕಾರಕ್ಕೆ ಎದುರು ನಿಂತದ್ದು ಕೆನರಾ ಬ್ಯಾಂಕು. ಮಂಗಳೂರಿನ ವಕೀಲರು ಕಟ್ಟಿದ ಬ್ಯಾಂಕಿಗೆ ಒಪ್ಪುವ ನಡೆ ಅದು. ಇನ್ನೊಂದು ತುದಿಯಲ್ಲಿ, ಸಾಲ ತೀರಿದ ಮೇಲೂ ಹಕ್ಕುಪತ್ರ ಮರಳಿಸದೆ ಗ್ರಾಹಕರನ್ನು ಅಲೆದಾಡಿಸುವುದು ಎಷ್ಟು ಸಾಮಾನ್ಯವಾಗಿತ್ತೆಂದರೆ, 2023ರ ಸೆಪ್ಟೆಂಬರಿನಲ್ಲಿ ರಿಸರ್ವ್ ಬ್ಯಾಂಕ್ 30 ದಿನಗಳೊಳಗೆ ಮರಳಿಸಬೇಕು, ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂದು ಆದೇಶಿಸಬೇಕಾಯಿತು.

ಇಷ್ಟೆಲ್ಲ ಹೊಣೆ ಹೊತ್ತ ಕಾನೂನು ಅಧಿಕಾರಿಯ ವೃತ್ತಿಸ್ಥಾನ ಮಾತ್ರ ಎರಡು ದೋಣಿಯ ಮೇಲಿನದು. ವಕೀಲರ ಪರಿಷತ್ತಿನ 49ನೇ ನಿಯಮದ ಪ್ರಕಾರ ಪೂರ್ಣಾವಧಿ ಸಂಬಳದ ನೌಕರರು ವಕೀಲಿ ನಡೆಸುವಂತಿಲ್ಲ. ಹುದ್ದೆಗೆ ಸೇರಲು ನೋಂದಣಿ ಬೇಕು, ಸೇರಿದ ಮೇಲೆ ಅದನ್ನು ಅಮಾನತಿನಲ್ಲಿಡಬೇಕು. ಕಕ್ಷಿದಾರರ ಜೊತೆಗಿನ ಮಾತುಕತೆಗೆ ವಕೀಲರಿಗಿರುವ ಗೋಪ್ಯತೆಯ ವಿಶೇಷ ರಕ್ಷಣೆ ಕಂಪನಿಯ ಸಂಬಳದಲ್ಲಿರುವ ಕಾನೂನು ಸಲಹೆಗಾರರಿಗೆ ಪೂರ್ತಿಯಾಗಿ ಸಿಗದು ಎಂದು ಸುಪ್ರೀಂ ಕೋರ್ಟ್ 2025ರ ಅಕ್ಟೋಬರ್ 31ರಂದು ಹೇಳಿದೆ. ಸಂಬಳ ಕೊಡುವವರ ಪ್ರಭಾವದಿಂದ ಹೊರಗೆ ನಿಂತು ಅವರು ಸಲಹೆ ಕೊಡಲಾರರು ಎಂಬುದು ಆ ನಿಲುವಿನ ತಿರುಳು. ಹಾಗಾದರೆ ಅವರನ್ನು ಆ ಪ್ರಭಾವದಿಂದ ತುಸುವಾದರೂ ಬಿಡಿಸುವುದು ಬ್ಯಾಂಕಿನ ಹೊಣೆಯಾಗುತ್ತದೆ. ಬಡ್ತಿಯ ಏಣಿಯೂ ಗಿಡ್ಡ. ಅಮೆರಿಕದ ಕೇಂದ್ರೀಯ ಬ್ಯಾಂಕಿಗೆ 2018ರಲ್ಲಿ ಅಧ್ಯಕ್ಷರಾದ ಜೆರೋಮ್ ಪೊವೆಲ್ ಕಾನೂನು ಓದಿ ಹೂಡಿಕೆ ಬ್ಯಾಂಕಿಂಗ್ ಮತ್ತು ಖಜಾನೆ ಇಲಾಖೆಗಳ ಮೂಲಕ ಬಂದವರು. ಯುರೋಪಿನ ಕೇಂದ್ರೀಯ ಬ್ಯಾಂಕಿನ ಕ್ರಿಸ್ಟೀನ್ ಲಗಾರ್ಡ್ ಅಂತರರಾಷ್ಟ್ರೀಯ ಕಾನೂನು ಸಂಸ್ಥೆಯೊಂದರ ಮುಖ್ಯಸ್ಥೆಯಾಗಿದ್ದು ಫ್ರಾನ್ಸಿನ ಸರ್ಕಾರಕ್ಕೆ ಸೇರಿದವರು. ನಮ್ಮಲ್ಲಿ ರಿಸರ್ವ್ ಬ್ಯಾಂಕಿನ ಗವರ್ನರರ ಕುರ್ಚಿ ಹೆಚ್ಚಾಗಿ ಆಡಳಿತ ಸೇವೆಯವರಿಗೆ, ಅರ್ಥಶಾಸ್ತ್ರಜ್ಞರಿಗೆ ಮೀಸಲು. ಸರ್ಕಾರಿ ಬ್ಯಾಂಕಿನ ಕಾನೂನು ವಿಭಾಗದಿಂದ ಮೇಲೇರಿದವರು ವ್ಯವಸ್ಥಾಪಕ ನಿರ್ದೇಶಕರಾಗುವುದು ತೀರ ಅಪರೂಪ. ಬೇಕಾದ ಬದಲಾವಣೆಗಳು ದೊಡ್ಡ ಶಾಸನ ಕೇಳುವಂಥವಲ್ಲ. ಕಾನೂನು ಅಧಿಕಾರಿ ಸಾಲ ಮಂಜೂರು ಮಾಡುವ ವ್ಯವಸ್ಥಾಪಕರ ಕೈಕೆಳಗಿರದೆ ಆಡಳಿತ ಮಂಡಳಿಯ ಲೆಕ್ಕಪರಿಶೋಧನಾ ಸಮಿತಿಗೆ ನೇರವಾಗಿ ವರದಿ ಮಾಡಬೇಕು. ಅವರ ಟಿಪ್ಪಣಿ ಮಂಜೂರಾತಿ ಪತ್ರದ ಭಾಗವಾಗಿ ಉಳಿಯಬೇಕು, ಅದನ್ನು ಮೀರಿ ಸಾಲ ಕೊಟ್ಟವರು ಕಾರಣ ಬರೆದು ಸಹಿ ಮಾಡಬೇಕು. ಹಕ್ಕಿನ ಅಭಿಪ್ರಾಯದ ಶುಲ್ಕವನ್ನು ಬ್ಯಾಂಕೇ ಭರಿಸಬೇಕು, ಅದೂ ಸಾಲದ ಗಾತ್ರಕ್ಕೆ ತಕ್ಕಂತೆ. ಇವಿಷ್ಟನ್ನು ಯಾವ ಬ್ಯಾಂಕಿನ ಆಡಳಿತ ಮಂಡಳಿಯಾದರೂ ತನ್ನ ಮುಂದಿನ ಸಭೆಯಲ್ಲಿ ಒಂದು ಠರಾವಿನ ಮೂಲಕ ಜಾರಿಗೆ ತರಬಹುದು. ಅದಕ್ಕೆ ಸಂಸತ್ತಿನ ಅನುಮತಿ ಬೇಕಾಗಿಲ್ಲ.